ಪಹಣಿ ತಿದ್ದೋಕೆ ಕೋರ್ಟಿಗೆ ಯಾಕೆ ಹೋಗಬೇಕು? ಒಂದು ಕಂದಾಯದ ಕಾಗದದ ಹಳೇ ಕಥೆ

“ಅರ್ಜಿದಾರರು ಸಕ್ಷಮ ಸಿವಿಲ್ ನ್ಯಾಯಾಲಯದಲ್ಲಿ ಹಕ್ಕು ಸಾಬೀತುಪಡಿಸಿಕೊಂಡು ಬರತಕ್ಕದ್ದು.”

ಪಹಣಿ ತಿದ್ದುಪಡಿಗೆ ಅರ್ಜಿ ಹಾಕಿದವರ ಕೈಗೆ ತಾಲ್ಲೂಕು ಕಚೇರಿಯಿಂದ ಇಂಥದೊಂದು ಹಿಂಬರಹ ಬರುವುದು ಹೊಸದೇನಲ್ಲ. ಸುದ್ದಿಗೆಂದು ಕಚೇರಿ ಸುತ್ತುವ ನಮಗೆ, ಇದನ್ನು ನಾಲ್ಕು ಮಡಿಕೆ ಮಾಡಿ ಜೇಬಿನಲ್ಲಿಟ್ಟುಕೊಂಡು ಓಡಾಡುವ ರೈತರು ಆಗಾಗ ಸಿಗುತ್ತಾರೆ. ಅವರೆಲ್ಲರ ಪ್ರಶ್ನೆ ಒಂದೇ: “ಬರೆದೋರು ಇವ್ರು, ತಪ್ಪು ಮಾಡ್ದೋರು ಇವ್ರು. ತಿದ್ದೋಕೆ ಮಾತ್ರ ನಾನ್ಯಾಕೆ ಕೋರ್ಟಿಗೆ ಹೋಗ್ಲಿ?”

ಪ್ರಶ್ನೆ ನ್ಯಾಯವಾದದ್ದೇ. ಪಹಣಿಯಲ್ಲಿ ಹೆಸರು ತಪ್ಪಿದರೆ ಬೆಳೆ ಸಾಲ ನಿಲ್ಲುತ್ತದೆ, ಬೆಳೆ ಪರಿಹಾರ ಬೇರೆಯವರ ಖಾತೆಗೆ ಹೋಗುತ್ತದೆ, ರಸ್ತೆಗೋ ಕಾಲುವೆಗೋ ಜಮೀನು ಹೋದರೆ ಆ ದುಡ್ಡೂ ಸಿಗುವುದಿಲ್ಲ. ಆ ಹಿಂಬರಹ ಒಮ್ಮೊಮ್ಮೆ ನಿಜಕ್ಕೂ ಕೈ ತೊಳೆದುಕೊಳ್ಳುವ ಮಾತಾಗಿರುತ್ತದೆ. ಇನ್ನು ಕೆಲವೊಮ್ಮೆ ಕಾನೂನೇ ಹಾಗೆ ಹೇಳುತ್ತದೆ. ಯಾವುದು ಯಾವಾಗ ಎಂದು ತಿಳಿಯಬೇಕಾದರೆ ಪಹಣಿ ಹುಟ್ಟಿದ ಕಥೆ ಗೊತ್ತಿರಬೇಕು. ಆ ಕಥೆಯ ಸಾರವನ್ನು ಮೊದಲೇ ಹೇಳಿಬಿಡುತ್ತೇವೆ: ಈ ಕಾಗದ ಹುಟ್ಟಿದ್ದು ಕಂದಾಯ ವಸೂಲಿಗೆ. ಭೂಮಿ ಯಾರದ್ದು ಎಂದು ತೀರ್ಮಾನ ಮಾಡುವ ಕೆಲಸವನ್ನು ಇದಕ್ಕೆ ಯಾರೂ ಯಾವತ್ತೂ ಪೂರ್ತಿಯಾಗಿ ಒಪ್ಪಿಸಲೇ ಇಲ್ಲ.

ಪದಗಳೇ ಹೇಳುವ ಕಥೆ

ನಾವು ದಿನಾ ಬಳಸುವ ಪದಗಳನ್ನೇ ನೋಡಿ. ಪಹಣಿ ಮರಾಠಿಯಿಂದ ಬಂದ ಮಾತು. ಅಲ್ಲಿ ‘ಪಾಹಣಿ’ ಎಂದರೆ ನೋಡಿ ಬರುವುದು, ತಪಾಸಣೆ. ಹೊಲದಲ್ಲಿ ಏನು ಬೆಳೆದಿದೆ, ಎಷ್ಟು ಬೀಳು ಬಿದ್ದಿದೆ ಎಂದು ಶಾನುಭೋಗ ಹೋಗಿ ಕಣ್ಣಾರೆ ನೋಡಿ ಬರೆದದ್ದು ಪಹಣಿ. ‘ತಹಸೀಲ್’ ಎಂದರೆ ವಸೂಲಿ. ವಸೂಲಿಯ ಅಧಿಕಾರಿ ತಹಸೀಲ್ದಾರ್. ಪೌತಿ ಖಾತೆಯ ‘ಪೌತಿ’ ಬಂದದ್ದು ಸಾವು ಎಂಬ ಅರ್ಥದ ‘ಫೌತ್’ ಪದದಿಂದ. ಕಂದಾಯ ಕಟ್ಟುತ್ತಿದ್ದವನು ಸತ್ತ, ಇನ್ನು ಯಾರ ಹತ್ತಿರ ವಸೂಲಿ ಮಾಡಬೇಕು ಎಂಬುದೇ ಆ ಖಾತೆಯ ಮೂಲ ಪ್ರಶ್ನೆ.

ಹೊಲದ ಒಡೆಯ ಯಾರು ಎನ್ನುವುದಕ್ಕಿಂತ ದುಡ್ಡು ಕಟ್ಟುವವನು ಯಾರು ಎನ್ನುವುದೇ ಈ ಪದಗಳಲ್ಲೆಲ್ಲ ಎದ್ದು ಕಾಣುತ್ತದೆ.

ಸರಪಳಿ ಹಿಡಿದು ಬಂದವರು

ಟಿಪ್ಪು ಸುಲ್ತಾನ್ ಮಡಿದ 1799ರಲ್ಲಿ ಕರಾವಳಿಯ ಕೆನರಾಕ್ಕೆ ಕಲೆಕ್ಟರ್ ಆಗಿ ಬಂದವರು ಥಾಮಸ್ ಮನ್ರೋ. ಜಮೀನ್ದಾರರ ಬದಲು ನೇರವಾಗಿ ರೈತನ ಹತ್ತಿರವೇ ಕಂದಾಯ ಪಡೆಯುವ ರೈತವಾರಿ ಪದ್ಧತಿಯ ಜೊತೆ ಅವರ ಹೆಸರು ಅಂಟಿಕೊಂಡಿದೆ. ರೈತನ ಹತ್ತಿರವೇ ವಸೂಲಿ ಮಾಡಬೇಕೆಂದರೆ ಪ್ರತಿ ಹೊಲದ ಲೆಕ್ಕ ಬೇಕಾಗುತ್ತದೆ.

ಆ ಲೆಕ್ಕಕ್ಕೆ ಒಂದು ಗಟ್ಟಿ ವಿಧಾನ ಸಿಕ್ಕಿದ್ದು ಮುಂಬಯಿ ಪ್ರಾಂತ್ಯದಲ್ಲಿ. ಪುಣೆಯ ಇಂದಾಪುರ ತಾಲ್ಲೂಕಿನಲ್ಲಿ 1835ರ ಹೊತ್ತಿಗೆ ಗೋಲ್ಡ್‌ಸ್ಮಿಡ್ ಮತ್ತು ವಿಂಗೇಟ್ ಎಂಬ ಇಬ್ಬರು ಅಧಿಕಾರಿಗಳು ಹೊಸ ಸರ್ವೆ ಶುರು ಮಾಡಿದರು. 1840ರ ದಶಕದಲ್ಲಿ ಅದು ಧಾರವಾಡದ ಕಡೆಗೂ ಬಂತು. 1847ರಲ್ಲಿ ಅಧಿಕಾರಿಗಳು ಸೇರಿ ಕೊಟ್ಟ ಜಂಟಿ ವರದಿ ಈ ಸರ್ವೆಯ ನಿಯಮಗಳಿಗೆ ಅಡಿಪಾಯ ಹಾಕಿತು. ಮೈಸೂರು ಸಂಸ್ಥಾನದಲ್ಲಿ 1863ರಲ್ಲಿ ಸರ್ವೆ ಇಲಾಖೆ ಹುಟ್ಟಿದಾಗ ಹಿಡಿದದ್ದೂ ಇದೇ ದಾರಿ.

33 ಅಡಿಯ ಸರಪಳಿ. ಅದನ್ನು ಹದಿನಾರು ಭಾಗ ಮಾಡಿದರೆ ಒಂದೊಂದು ಭಾಗ ಒಂದು ಆಣೆ. 33 ಅಡಿ ಉದ್ದ, 33 ಅಡಿ ಅಗಲದ ಜಾಗ ಒಂದು ಗುಂಟೆ. 40 ಗುಂಟೆಗೆ ಒಂದು ಎಕರೆ. ನಮ್ಮ ಸರ್ವೆ ನಂಬರು, ಆಕಾರಬಂದು, ಟಿಪ್ಪಣಿ, ಖರಾಬು ಎಲ್ಲವೂ ಈ ಕಾಲದ ಬಳುವಳಿ. ಮಣ್ಣಿನ ಗುಣಕ್ಕೂ ಆಣೆಯ ಲೆಕ್ಕದಲ್ಲೇ ಬೆಲೆ ಕಟ್ಟಿ ಕಂದಾಯ ನಿಗದಿ ಮಾಡಿದರು. ಒಮ್ಮೆ ನಿಗದಿಯಾದ ದರ ಸಾಮಾನ್ಯವಾಗಿ 30 ವರ್ಷ.

ಸರ್ವೆಯವರು ಅಳತೆಯನ್ನು ಎಷ್ಟು ಎಚ್ಚರದಿಂದ ಮಾಡಿದರೆಂದರೆ, ಇವತ್ತಿಗೂ ಗಡಿ ತಕರಾರು ಬಂದಾಗ ಭೂಮಾಪಕರು ಹಳೇ ಟಿಪ್ಪಣಿ ತೆಗೆಯುತ್ತಾರೆ. ಆದರೆ ಹೆಸರಿನ ವಿಷಯದಲ್ಲಿ ಅಷ್ಟು ಎಚ್ಚರ ಬೇಕಾಗಿರಲಿಲ್ಲ. ಮನೆಯ ಹಿರಿಯನ ಹೆಸರು ಬರೆದರೆ ಸರ್ಕಾರದ ಕೆಲಸ ಮುಗಿಯಿತು. ಅವನ ತಮ್ಮಂದಿರು, ತಾಯಿ, ವಿಧವೆ ಅತ್ತಿಗೆ ಇವರಿಗೆ ಎಷ್ಟು ಪಾಲು ಎಂಬುದು ಮನೆಯೊಳಗಿನ ಮಾತಾಗಿ ಉಳಿಯಿತು. “ಅಣ್ಣನ ಹೆಸರಿಗಿದೆ, ಆದರೆ ನಮ್ಮೆಲ್ಲರದ್ದು” ಎಂಬ ಮಾತು ಇವತ್ತಿಗೂ ಹಳ್ಳಿಗಳಲ್ಲಿ ಕೇಳುತ್ತದಲ್ಲ, ಅದರ ಬೇರು ಇಲ್ಲಿದೆ. ಅಣ್ಣ ಇರುವ ತನಕ ಆ ಮಾತು ನಡೆಯುತ್ತದೆ. ಅಣ್ಣನ ಮಕ್ಕಳ ಕಾಲಕ್ಕೆ ಅದೇ ಕೋರ್ಟಿನ ಕೇಸು.

ಮುಂಬಯಿಯ 1903ರ ಕಾನೂನು

ಖಾತೆಯಲ್ಲಿ ಸತ್ತವರ ಹೆಸರು, ಹೊಲದಲ್ಲಿ ಬೇರೆಯವರು. ಸಾಲಕ್ಕೆ ಜಮೀನು ಸಾಹುಕಾರನ ಪಾಲಾಗಿರುತ್ತಿತ್ತು, ಪುಸ್ತಕದಲ್ಲಿ ಮಾತ್ರ ಹಳೇ ರೈತನೇ. ಇದನ್ನು ಸರಿಪಡಿಸಲು ಮುಂಬಯಿ ಸರ್ಕಾರ 1903ರಲ್ಲಿ ಹಕ್ಕು ದಾಖಲೆಗೆಂದೇ ಒಂದು ಕಾನೂನು ತಂದಿತು. 1913ರಲ್ಲಿ ಅದನ್ನು ಭೂ ಕಂದಾಯ ಸಂಹಿತೆಯ ಒಳಗೇ ಒಂದು ಅಧ್ಯಾಯವಾಗಿ ಸೇರಿಸಲಾಯಿತು. ಆಗ ಮುಂಬಯಿ ಪ್ರಾಂತ್ಯದಲ್ಲಿದ್ದ ಬೆಳಗಾವಿ, ಧಾರವಾಡ, ವಿಜಯಪುರ, ಉತ್ತರ ಕನ್ನಡ ಜಿಲ್ಲೆಗಳ ರೈತರು ಈ ಪದ್ಧತಿಯನ್ನು ಉಳಿದ ಕನ್ನಡಿಗರಿಗಿಂತ ಮೊದಲೇ ಕಂಡರು. ಅಲ್ಲಿ ಇವತ್ತಿಗೂ ಪಹಣಿಗೆ ‘ಉತಾರ’ ಎನ್ನುವವರಿದ್ದಾರೆ.

ಆ ಕಾನೂನು ನಾಲ್ಕು ಕೆಲಸ ಮಾಡಿತು.

ಒಂದು, ಕ್ರಯ, ವಾರಸಾ, ಪಾಲು ಹೀಗೆ ಯಾವುದರಿಂದ ಹಕ್ಕು ಬಂದರೂ ಊರ ಲೆಕ್ಕದವರಿಗೆ ವರದಿ ಕೊಡಬೇಕು ಎಂದಿತು.

ಎರಡು, ಆ ಬದಲಾವಣೆಯನ್ನು ಬೇರೆ ರಿಜಿಸ್ಟರಿನಲ್ಲಿ ಬರೆದು, ಸಂಬಂಧಪಟ್ಟವರಿಗೆ ತಿಳಿಸಿ, ತಕರಾರು ಇದ್ದರೆ ವಿಚಾರಿಸಬೇಕು ಎಂದಿತು. ನಮ್ಮ ಎಂ.ಆರ್. ನಂಬರ್, ಉತ್ತರದ ಕಡೆಯ ಎಂ.ಇ. ನಂಬರ್ ಈ ರಿಜಿಸ್ಟರಿನ ಸಂತಾನ.

ಮೂರು, ಹೀಗೆ ಬರೆದದ್ದನ್ನು ಸುಳ್ಳೆಂದು ಸಾಬೀತಾಗುವ ತನಕ ನಿಜವೆಂದೇ ಹಿಡಿಯಬೇಕು ಎಂದಿತು.

ನಾಲ್ಕನೆಯದು ನಮ್ಮ ಹಿಂಬರಹದ ಮೂಲ. ಪುಸ್ತಕದಲ್ಲಿ ನನ್ನ ಹೆಸರು ಬರೆಯಿರಿ, ಅವನ ಹೆಸರು ತೆಗೆಯಿರಿ ಎಂದು ಸರ್ಕಾರದ ಮೇಲೆ ದಾವೆ ಹೂಡುವಂತಿಲ್ಲ ಎಂದಿತು ಕಾನೂನು. ಆದರೆ ಬಾಗಿಲನ್ನು ಪೂರ್ತಿ ಮುಚ್ಚಲಿಲ್ಲ. ನಿನ್ನ ಹಕ್ಕನ್ನು ಅಲ್ಲಗಳೆಯುತ್ತಿರುವ ಮನುಷ್ಯನ ಮೇಲೆ ದಾವೆ ಹೂಡು, ಹಕ್ಕು ನಿನ್ನದೆಂದು ಕೋರ್ಟು ಘೋಷಿಸಿದರೆ ಅದರಂತೆ ನಾವು ಪುಸ್ತಕ ತಿದ್ದುತ್ತೇವೆ ಎಂದಿತು.

ಇದರ ಹಿಂದಿನ ಲೆಕ್ಕಾಚಾರ ಸರಳ. ಅಣ್ಣ ತಮ್ಮಂದಿರ ಜಗಳದಲ್ಲಿ ಸರ್ಕಾರ ಪಕ್ಷಗಾರ ಆಗಲು ಬಯಸಲಿಲ್ಲ. ಅದಕ್ಕೆ ಬೇಕಾಗಿದ್ದದ್ದು ಕಂದಾಯ. ಜಗಳ ನೀವು ಮುಗಿಸಿಕೊಳ್ಳಿ, ಗೆದ್ದವನ ಹೆಸರು ಬರೆಯುತ್ತೇವೆ ಎಂಬ ನಿಲುವು.

ಮೈಸೂರು ಸಂಸ್ಥಾನ 1927ರಲ್ಲಿ ತನ್ನದೇ ಹಕ್ಕು ದಾಖಲೆ ಕಾಯ್ದೆ ಮಾಡಿತು. ಅದಕ್ಕೂ ಒಂದು ವರ್ಷ ಮೊದಲು, 1926ರಲ್ಲಿ, ಉತ್ತರ ಭಾರತದ ಒಂದು ಆಸ್ತಿ ಮೊಕದ್ದಮೆ ಲಂಡನ್ನಿನ ಪ್ರಿವಿ ಕೌನ್ಸಿಲ್ ಮುಂದೆ ಬಂದಿತ್ತು. ಆಗ ಭಾರತಕ್ಕೆ ಕೊನೆಯ ನ್ಯಾಯಪೀಠ ಅದೇ. ಖಾತೆ ಬದಲಾವಣೆಯ ವಿಚಾರಣೆಯಲ್ಲಿ ಒಡೆತನ ತೀರ್ಮಾನ ಆಗುವುದಿಲ್ಲ, ಕಂದಾಯ ಯಾರಿಂದ ಪಡೆಯಬೇಕು ಎಂಬುದಷ್ಟೇ ಅಲ್ಲಿಯ ವಿಷಯ ಎಂದು ಅದು ಹೇಳಿತು. ಸ್ವಾತಂತ್ರ್ಯ ಬಂದ ಮೇಲೂ ಈ ಮಾತು ಬದಲಾಗಲಿಲ್ಲ. 1997ರಲ್ಲಿ ಬಲವಂತ್ ಸಿಂಗ್ ಪ್ರಕರಣದಲ್ಲಿ, ಖಾತೆ ಬದಲಾದ ಮಾತ್ರಕ್ಕೆ ಹಕ್ಕು ಹುಟ್ಟುವುದೂ ಇಲ್ಲ, ಹೋಗುವುದೂ ಇಲ್ಲ ಎಂದು ಸುಪ್ರೀಂ ಕೋರ್ಟ್ ಹೇಳಿತು. 2021ರಲ್ಲಿ ಮಧ್ಯಪ್ರದೇಶದ ಜಿತೇಂದ್ರ ಸಿಂಗ್ ಪ್ರಕರಣದಲ್ಲಿ, ಉಯಿಲಿನ ಮೇಲೆ ತಕರಾರಿದ್ದರೆ ಮೊದಲು ಸಿವಿಲ್ ಕೋರ್ಟಿನಲ್ಲಿ ಹಕ್ಕು ತೀರ್ಮಾನವಾಗಲಿ, ಆಮೇಲೆ ಖಾತೆ ಎಂದಿತು.

ಇದರಿಂದ ಎರಡು ಪಾಠ. ಪಹಣಿಯಲ್ಲಿ ನಿಮ್ಮ ಹೆಸರು ಬಿಟ್ಟುಹೋದ ಮಾತ್ರಕ್ಕೆ ನಿಮ್ಮ ಹಕ್ಕು ಹೋಗಲಿಲ್ಲ. ಹಾಗೆಯೇ, ಪಹಣಿಯಲ್ಲಿ ಹೆಸರು ಬಂದ ಮಾತ್ರಕ್ಕೆ ಬೇರೆಯವರ ಪಾಲು ನಿಮ್ಮದೂ ಆಗಲಿಲ್ಲ.

ಹಲವು ಪದ್ಧತಿ, ಒಂದು ರಾಜ್ಯ

1956ರಲ್ಲಿ ಕನ್ನಡ ನಾಡು ಒಂದಾದಾಗ ಭೂಮಿಯ ಪುಸ್ತಕಗಳು ಒಂದಾಗಿರಲಿಲ್ಲ. ಹಳೇ ಮೈಸೂರಿನದ್ದು ಒಂದು ಬಗೆ, ಮುಂಬಯಿ ಕರ್ನಾಟಕದ್ದು ಇನ್ನೊಂದು. ಕಲಬುರಗಿ, ರಾಯಚೂರು, ಬೀದರ್ ಕಡೆ ಹೈದರಾಬಾದಿನ ಫಸಲಿ ವರ್ಷದ ಲೆಕ್ಕ. ದಕ್ಷಿಣ ಕನ್ನಡದಲ್ಲಿ ಮದರಾಸಿನ ಅಡಂಗಲ್, ಚಿಟ್ಟಾ. ಕೊಡಗಿನಲ್ಲಿ 1899ರ ಪ್ರತ್ಯೇಕ ನಿಯಮ, ಜಮ್ಮಾ ಹಿಡುವಳಿ.

ಇವನ್ನೆಲ್ಲ ಒಂದೇ ಸೂರಿನಡಿ ತಂದದ್ದು 1964ರ ಏಪ್ರಿಲ್ 1ರಂದು ಜಾರಿಗೆ ಬಂದ ಭೂ ಕಂದಾಯ ಕಾಯ್ದೆ. ಇಂದಿಗೂ ನಮ್ಮನ್ನು ಆಳುತ್ತಿರುವುದು ಇದೇ. ಅದರ 127ರಿಂದ 136ರವರೆಗಿನ ಸೆಕ್ಷನ್‌ಗಳಲ್ಲಿ ಹಕ್ಕು ದಾಖಲೆಯ ವಿಷಯ ಇದೆ. ಮುಂಬಯಿಯ ಹಳೇ ಅಧ್ಯಾಯದ ಜೊತೆ ಇಟ್ಟು ಓದಿದರೆ ಅಣ್ಣ ತಮ್ಮಂದಿರ ಮುಖ ನೋಡಿದಂತಾಗುತ್ತದೆ. ಬರೆದದ್ದನ್ನು ಸುಳ್ಳೆಂದು ಸಾಬೀತಾಗುವ ತನಕ ನಿಜವೆಂದು ಹಿಡಿಯಬೇಕು ಎನ್ನುವುದು ಸೆಕ್ಷನ್ 133. ನಮೂದು ಬದಲಿಸಿ ಎಂದು ಸರ್ಕಾರದ ಮೇಲೆ ದಾವೆ ಇಲ್ಲ, ಹಕ್ಕು ಅಲ್ಲಗಳೆಯುವವನ ಮೇಲೆ ಘೋಷಣೆಯ ದಾವೆ ಹೂಡಬಹುದು, ಘೋಷಣೆಯಂತೆ ನಮೂದು ತಿದ್ದಬೇಕು ಎನ್ನುವುದು ಸೆಕ್ಷನ್ 135. ಅಲ್ಲಿ ‘ತಿದ್ದಬೇಕು’ ಎಂದೇ ಇದೆ. ತಹಸೀಲ್ದಾರರ ಇಷ್ಟಕ್ಕೆ ಬಿಟ್ಟ ಮಾತಲ್ಲ ಅದು.

ಇದರ ಹಿಂದೆಮುಂದೆಯೇ ಇನ್ನೊಂದು ಬದಲಾವಣೆ ಆಯಿತು. ವಂಶಪಾರಂಪರ್ಯದ ಪಟೇಲ, ಶಾನುಭೋಗ, ಕುಲಕರ್ಣಿ ಹುದ್ದೆಗಳು 1963ರ ಫೆಬ್ರವರಿಯಲ್ಲಿ ರದ್ದಾದವು. ಊರಿನ ಪುಸ್ತಕ ಸರ್ಕಾರಿ ಸಂಬಳದ ಗ್ರಾಮ ಲೆಕ್ಕಿಗರ ಕೈಗೆ ಬಂತು. ಯಾರ ಹೊಲ ಯಾರದ್ದೆಂದು ಬಾಯಿಪಾಠ ಇದ್ದವರು ಹೋದರು. ಆ ಬಾಯಿಪಾಠವನ್ನು ತಮ್ಮವರ ಲಾಭಕ್ಕೆ ಬಳಸಿಕೊಳ್ಳುವ ಅಧಿಕಾರವೂ ಅವರ ಜೊತೆ ಹೋಯಿತು.

ಕೋರ್ಟಿನ ಬಾಗಿಲು ಹಾಕಿದ ಕಾಲ

ಪಹಣಿಯ ಪೂರ್ತಿ ಹೆಸರಿನಲ್ಲೇ ಹಕ್ಕು, ಗೇಣಿ, ಬೆಳೆ ಮೂರೂ ಸೇರಿವೆ. ಮಾಲೀಕರ ಹೆಸರು 9ನೇ ಕಾಲಂನಲ್ಲಿ, ಉಳುವವನ ಹೆಸರು 12ನೇ ಕಾಲಂನಲ್ಲಿ. ಈ 12ನೇ ಕಾಲಂಗೆ ಒಂದು ಕಾಲದಲ್ಲಿ ಚಿನ್ನದ ಬೆಲೆ ಬಂತು.

1951ರಲ್ಲಿ ಸಾಗರದ ಕಾಗೋಡಿನಲ್ಲಿ ಗೇಣಿದಾರರು ಸತ್ಯಾಗ್ರಹಕ್ಕೆ ಕೂತಾಗ ಅವರ ತಕರಾರು ಗೇಣಿ ಅಳೆಯುವ ಕೊಳಗದ ಬಗ್ಗೆಯೂ ಇತ್ತು. ತಲೆಮಾರಿನಿಂದ ಉತ್ತರೂ ಎಷ್ಟೋ ಗೇಣಿದಾರರ ಕೈಯಲ್ಲಿ ಒಂದು ಚೀಟಿಯೂ ಇರುತ್ತಿರಲಿಲ್ಲ. ದೇವರಾಜ ಅರಸು ಸರ್ಕಾರದ ಭೂ ಸುಧಾರಣೆ ತಿದ್ದುಪಡಿ 1974ರ ಮಾರ್ಚ್ 1ರಂದು ಜಾರಿಗೆ ಬಂದಾಗ ಗೇಣಿ ಜಮೀನುಗಳು ಸರ್ಕಾರಕ್ಕೆ ಸೇರಿದವು. ಉಳುವವರು 7ನೇ ನಮೂನೆಯಲ್ಲಿ ಅರ್ಜಿ ಹಾಕಬೇಕಾಯಿತು. ಅದಕ್ಕೆ ಕೊನೆಯ ದಿನ 1979ರ ಜೂನ್ 30.

ಇಲ್ಲಿ ಸರ್ಕಾರ ಬೇಕೆಂದೇ ಸಿವಿಲ್ ಕೋರ್ಟನ್ನು ಹೊರಗಿಟ್ಟಿತು. ಜಮೀನು ಗೇಣಿಯದ್ದೋ ಅಲ್ಲವೋ, ಗೇಣಿದಾರ ಯಾರು ಎಂಬುದನ್ನು ತೀರ್ಮಾನಿಸುವ ಅಧಿಕಾರ ಭೂ ನ್ಯಾಯಮಂಡಳಿಗೆ ಮಾತ್ರ. ಸಿವಿಲ್ ದಾವೆಯ ನಡುವೆ ಈ ಪ್ರಶ್ನೆ ಎದ್ದರೂ ಕೋರ್ಟು ಅದನ್ನು ಮಂಡಳಿಗೆ ಕಳಿಸಬೇಕಿತ್ತು. ವರ್ಷಗಟ್ಟಲೆ ಎಳೆಯುವ ಕೋರ್ಟಿನಲ್ಲಿ ದುಡ್ಡಿರುವ ಭೂಮಾಲೀಕನ ಎದುರು ಗೇಣಿದಾರ ನಿಲ್ಲಲಾರ ಎಂಬ ಆತಂಕ ಇದರ ಹಿಂದಿತ್ತು.

ಆಗ 12ನೇ ಕಾಲಂನಲ್ಲಿ ಹೆಸರಿದ್ದವನಿಗೆ ಅರ್ಧ ಯುದ್ಧ ಗೆದ್ದಂತೆ. ಹೆಸರಿಲ್ಲದವನು ಅಕ್ಕಪಕ್ಕದ ಹೊಲದವರ ಸಾಕ್ಷಿ, ಗೇಣಿ ರಸೀದಿ ಹುಡುಕಿಕೊಂಡು ಅಲೆಯಬೇಕಾಯಿತು. ಕಂದಾಯಕ್ಕೆಂದು ಬರೆದ ಪುಸ್ತಕ ಜನರ ಬದುಕನ್ನು ತೀರ್ಮಾನಿಸುವ ಸಾಕ್ಷಿಯಾಗಿ ನಿಂತಿತ್ತು. ನಿಮ್ಮ ಮನೆಯ ತಕರಾರಿನ ಬೇರು ಆ ಕಾಲದ ಮಂಡಳಿ ಆದೇಶದಲ್ಲಿದ್ದರೆ ಸಾಮಾನ್ಯ ಸಿವಿಲ್ ದಾವೆಯ ದಾರಿ ನಡೆಯದೇ ಇರಬಹುದು. ಮಂಡಳಿ ಆದೇಶ ತಪ್ಪೆನ್ನುವವರು ಹೈಕೋರ್ಟಿನಲ್ಲಿ ರಿಟ್ ಅರ್ಜಿ ಹಾಕುತ್ತಾರೆ. ಪರಿಶಿಷ್ಟ ಜಾತಿ, ಪಂಗಡದವರಿಗೆ ಮಂಜೂರಾದ ಜಮೀನು ಪರಭಾರೆ ಆಗಿದ್ದರೂ ದಾರಿ ಬೇರೆ. 1978ರ ಪಿ.ಟಿ.ಸಿ.ಎಲ್. ಕಾಯ್ದೆಯಡಿ ಅದಕ್ಕೆ ಅಸಿಸ್ಟೆಂಟ್ ಕಮಿಷನರ್ ಬಳಿಯೇ ಹೋಗಬೇಕು.

ಕಂಪ್ಯೂಟರಿಗೆ ಏರಿದ ತಪ್ಪುಗಳು

2000ದ ಹೊತ್ತಿಗೆ ‘ಭೂಮಿ’ ಯೋಜನೆ ಬಂತು. ಸುಮಾರು 67 ಲಕ್ಷ ರೈತರ 2 ಕೋಟಿಯಷ್ಟು ಪಹಣಿಗಳು ಕಂಪ್ಯೂಟರಿಗೆ ಏರಿದವು. ಅಲ್ಲಿಯವರೆಗೆ ಅವು ಸುಮಾರು 9,000 ಗ್ರಾಮ ಲೆಕ್ಕಿಗರ ಕೈಬರಹದಲ್ಲಿದ್ದವು. 15 ರೂಪಾಯಿ ಕೊಟ್ಟರೆ ತಾಲ್ಲೂಕು ಕೇಂದ್ರದಲ್ಲಿ ಪಹಣಿ ಕೈಗೆ ಬರುವಂತಾಯಿತು. ಗ್ರಾಮ ಲೆಕ್ಕಿಗರ ಮನೆ ಬಾಗಿಲು ಕಾಯುವುದು ತಪ್ಪಿತು. ಅರ್ಜಿಗಳನ್ನು ಬಂದ ಸರದಿಯಂತೆ ತೆಗೆದುಕೊಳ್ಳಬೇಕು, ನಮೂದು ಬದಲಿಸುವ ಅಧಿಕಾರಿ ಬೆರಳಚ್ಚು ಕೊಡಬೇಕು ಎಂಬ ನಿಯಮ ಬಂತು. ಇದು ಸಣ್ಣ ಬದಲಾವಣೆಯಲ್ಲ.

ಆದರೆ ಕಂಪ್ಯೂಟರಿಗೆ ಹೋದದ್ದು ಹಳೇ ಪುಸ್ತಕದಲ್ಲಿ ಇದ್ದದ್ದೇ. ‘ಸಿದ್ದಪ್ಪ’ ‘ಸಿದ್ದಯ್ಯ’ ಆಗಿದ್ದರೆ ಹಾಗೆಯೇ ಹೋಯಿತು. 2 ಎಕರೆ 10 ಗುಂಟೆ 2 ಎಕರೆ 1 ಗುಂಟೆ ಆಗಿದ್ದರೆ ಅದೂ ಹೋಯಿತು. ಮೊದಲು ಇಂಥದ್ದನ್ನು ಶಾಯಿಯಲ್ಲಿ ಗೀಟು ಹಾಕಿ ತಿದ್ದುತ್ತಿದ್ದರು. ಅದೇ ಶಾಯಿಯಲ್ಲಿ ಮೋಸವೂ ನಡೆಯುತ್ತಿತ್ತು. ಈಗ ಒಂದು ಅಕ್ಷರ ತಿದ್ದಲೂ ಆದೇಶ ಬೇಕು. ಮೋಸಕ್ಕೆ ಹಾಕಿದ ಬೀಗ ಪ್ರಾಮಾಣಿಕ ತಿದ್ದುಪಡಿಗೂ ಬಿದ್ದಿತು. ಅಳತೆ, ಆಕಾರಬಂದು, ಪಹಣಿ ಮೂರೂ ತಾಳೆಯಾಗದೆ ಪೋಡಿಗೆ ಕಾಯುತ್ತಿರುವವರು ನಮ್ಮ ಓದುಗರಲ್ಲೇ ಎಷ್ಟೋ ಜನ ಇದ್ದಾರೆ.

ಯಾವ ತಪ್ಪಿಗೆ ಯಾವ ಬಾಗಿಲು

ಇಷ್ಟು ಇತಿಹಾಸ ಓದಿದ ಮೇಲೆ ಹಿಂಬರಹವನ್ನು ಮತ್ತೆ ಬಿಡಿಸಿ ನೋಡಿ. ನಿಮ್ಮ ತಪ್ಪು ಯಾವ ಬಗೆಯದ್ದು?

ಬರವಣಿಗೆಯ ತಪ್ಪು: ಹಳೇ ಕೈಬರಹದ ಪಹಣಿಯಲ್ಲೂ ಕ್ರಯಪತ್ರದಲ್ಲೂ ಸರಿಯಾಗಿದೆ, ಕಂಪ್ಯೂಟರ್ ಪಹಣಿಯಲ್ಲಿ ಮಾತ್ರ ತಪ್ಪಾಗಿದೆ, ಎದುರಾಳಿ ಯಾರೂ ಇಲ್ಲ. ಇದು ಕಂದಾಯ ಇಲಾಖೆಯೇ ಮಾಡಬೇಕಾದ ಕೆಲಸ. ಇದಕ್ಕೆ ಸಿವಿಲ್ ಕೋರ್ಟಿಗೆ ಹೋಗಿ ಎಂದರೆ ಅದು ಕೈ ತೊಳೆದುಕೊಳ್ಳುವ ಮಾತು. ಮೇಲಧಿಕಾರಿಗೆ ಬರಹದಲ್ಲಿ ದೂರು ಕೊಡಿ.

ಅಳತೆಯ ತಪ್ಪು: ಇದು ಭೂಮಾಪನ ಇಲಾಖೆಯ ಮೂಲಕ ಆಗಬೇಕು. ಟಿಪ್ಪಣಿ, ಆಕಾರಬಂದಿನ ನಕಲು ಮೊದಲು ತೆಗೆಸಿಕೊಳ್ಳಿ.

ಮ್ಯುಟೇಶನ್ ಮಾಡಿದ ಕ್ರಮದಲ್ಲೇ ತಪ್ಪು: ನಿಮಗೆ ನೋಟಿಸ್ ಕೊಡದೆ, ತಕರಾರು ಕೇಳದೆ ಬೇರೆಯವರ ಹೆಸರು ಏರಿಸಿದ್ದಾರೆ. ಸೆಕ್ಷನ್ 136ರಡಿ ಅಸಿಸ್ಟೆಂಟ್ ಕಮಿಷನರ್ ಬಳಿ ಮೇಲ್ಮನವಿ. ಅವಧಿ 60 ದಿನ. ಅದರ ಮೇಲೆ ಜಿಲ್ಲಾಧಿಕಾರಿಗೆ ದಾಖಲೆ ತರಿಸಿ ಪರಿಶೀಲಿಸುವ ಅಧಿಕಾರ ಇದೆ.

ಹಕ್ಕಿನ ತಕರಾರು: ಉಯಿಲು ಸುಳ್ಳು, ಪಾಲುಪಟ್ಟಿಗೆ ನಾವು ಒಪ್ಪಿಲ್ಲ, ಕ್ರಯಪತ್ರದ ರುಜು ನನ್ನದಲ್ಲ, ದತ್ತು ನಡೆದೇ ಇಲ್ಲ. ಇಂಥವನ್ನು ತಹಸೀಲ್ದಾರರಾಗಲಿ, ಎ.ಸಿ. ಆಗಲಿ, ಡಿ.ಸಿ. ಆಗಲಿ ತೀರ್ಮಾನಿಸುವಂತಿಲ್ಲ. ಇಲ್ಲಿ ಸಿವಿಲ್ ಕೋರ್ಟೇ ಗತಿ. ಹಿಂಬರಹ ಇಲ್ಲಿ ಕಾನೂನಿನ ಮಾತನ್ನೇ ಆಡುತ್ತಿದೆ.

ನಾವು ಕಂಡಂತೆ ಜನ ಹೆಚ್ಚು ಕಳೆದುಕೊಳ್ಳುವುದು ಈ ನಾಲ್ಕನೇ ಬಗೆಯಲ್ಲಿ. ತಹಸೀಲ್ದಾರರಿಂದ ಎ.ಸಿ., ಎ.ಸಿ.ಯಿಂದ ಡಿ.ಸಿ. ಎಂದು ಸುತ್ತುವುದರಲ್ಲಿ ವರ್ಷಗಳು ಹೋಗುತ್ತವೆ. ಕೊನೆಗೆ ಎಲ್ಲರೂ ಹೇಳುವುದು ಕೋರ್ಟಿಗೆ ಹೋಗಿ ಎಂದೇ. ಅಷ್ಟರಲ್ಲಿ ಅವಧಿ ಮೀರಿರುತ್ತದೆ. ಘೋಷಣೆಯ ದಾವೆಗೆ ಲಿಮಿಟೇಶನ್ ಕಾಯ್ದೆಯ 58ನೇ ವಿಧಿಯಲ್ಲಿ 3 ವರ್ಷ ಅಷ್ಟೇ. ದಾವೆ ಹೂಡುವ ಹಕ್ಕು ಮೊದಲ ಸಲ ಹುಟ್ಟಿದ ದಿನದಿಂದ ಅದರ ಎಣಿಕೆ. ಒಡೆತನದ ಆಧಾರದ ಮೇಲೆ ಸ್ವಾಧೀನ ಕೇಳುವ ದಾವೆಗೆ 12 ವರ್ಷ. ನಿಮ್ಮದು ಯಾವುದರ ಕೆಳಗೆ ಬರುತ್ತದೆ ಎಂದು ವಕೀಲರ ಬಳಿ ಮೊದಲ ದಿನವೇ ಕೇಳಿ.

ಕೋರ್ಟಿನಲ್ಲಿ ಏನು ಕೇಳಬೇಕು

“ಪಹಣಿ ತಿದ್ದಿಸಿಕೊಡಿ” ಎಂದಷ್ಟೇ ಕೇಳಿದರೆ ಸೆಕ್ಷನ್ 135 ಅಡ್ಡ ಬರುತ್ತದೆ. ಈ ಜಮೀನಿನಲ್ಲಿ ನನಗೆ ಹಕ್ಕಿದೆ ಎಂದು ಘೋಷಿಸಿ ಎಂದು, ಆ ಹಕ್ಕನ್ನು ಇಲ್ಲವೆನ್ನುತ್ತಿರುವವರ ಮೇಲೆ ದಾವೆ ಹೂಡಬೇಕು. ಜಮೀನು ನಿಮ್ಮ ಕೈಯಲ್ಲಿ ಇಲ್ಲದಿದ್ದರೆ ಬರೀ ಘೋಷಣೆ ಸಾಲದು, ಸ್ವಾಧೀನವನ್ನೂ ಕೇಳಬೇಕು. ನಿರ್ದಿಷ್ಟ ಪರಿಹಾರ ಕಾಯ್ದೆಯ ಸೆಕ್ಷನ್ 34 ಹಾಗೆನ್ನುತ್ತದೆ. ಒಡೆತನದ ಮೇಲೇ ಗಂಭೀರ ತಕರಾರಿರುವಾಗ ಬರೀ ತಡೆಯಾಜ್ಞೆಯ ದಾವೆ ಹಾಕಿದರೂ ಸಾಲದು ಎಂದು ಸುಪ್ರೀಂ ಕೋರ್ಟ್ 2008ರ ಅನಾತುಲ ಸುಧಾಕರ್ ಪ್ರಕರಣದಲ್ಲಿ ವಿವರಿಸಿದೆ. ಸರ್ಕಾರವೇ ಜಮೀನು ತನ್ನದೆನ್ನುತ್ತಿದ್ದರೆ ನಿಯಮ ಬೇರೆ. ಸಾಮಾನ್ಯವಾಗಿ 2 ತಿಂಗಳ ನೋಟಿಸ್ ಕೊಟ್ಟೇ ದಾವೆ ಹೂಡಬೇಕು.

ಕೋರ್ಟಿನ ಮುಂದೆ ಪಹಣಿ ಒಂದು ಸಾಕ್ಷಿ ಮಾತ್ರ. 10ನೇ ಕಾಲಂನಲ್ಲಿರುವ ಎಂ.ಆರ್. ನಂಬರ್ ಹಿಡಿದು ಹಿಂದೆ ಹೋಗಿ. ಆ ಮ್ಯುಟೇಶನ್ ನಕಲು, ಅದರ ಹಿಂದಿನ ಕ್ರಯಪತ್ರ ಅಥವಾ ಪಾಲುಪತ್ರ, ಮಂಜೂರಾತಿ ಆದೇಶ, ವಂಶವೃಕ್ಷ ಇವೆಲ್ಲ ಸಿಗಬೇಕು. ಕೇಸಿನ ಬಲ ಇರುವುದು ಈ ಬೇರುಗಳಲ್ಲಿ.

ಖರ್ಚಿನ ವಿಷಯದಲ್ಲೂ ಹಳೇ ಇತಿಹಾಸದ ಒಂದು ನೆರಳಿದೆ. ಇಂಥ ದಾವೆಗಳಲ್ಲಿ ಕಂದಾಯ ಕಟ್ಟುವ ಜಮೀನಿನ ಮೌಲ್ಯವನ್ನು ಕೋರ್ಟ್ ಶುಲ್ಕಕ್ಕಾಗಿ ಕಂದಾಯದ 25 ಪಟ್ಟು ಎಂದು ಲೆಕ್ಕ ಹಾಕುತ್ತಾರೆ, ಮಾರುಕಟ್ಟೆ ಬೆಲೆಯ ಮೇಲಲ್ಲ. ಹಾಗಾಗಿ ಶುಲ್ಕ ಕಡಿಮೆಯೇ. ಹೊರೆಯಾಗುವುದು ವಕೀಲರ ಫೀಸು, ಓಡಾಟ, ಕಳೆದುಹೋಗುವ ಕೂಲಿ ದಿನಗಳು. ಎಲ್ಲ ಮಹಿಳೆಯರಿಗೂ, ಪರಿಶಿಷ್ಟ ಜಾತಿ, ಪಂಗಡದವರಿಗೂ ಆದಾಯ ಎಷ್ಟೇ ಇರಲಿ ಉಚಿತ ಕಾನೂನು ನೆರವು ಪಡೆಯುವ ಹಕ್ಕಿದೆ. ತಾಲ್ಲೂಕು ಕೋರ್ಟಿನ ಆವರಣದಲ್ಲೇ ಕಾನೂನು ಸೇವಾ ಸಮಿತಿ ಇರುತ್ತದೆ. ಒಪ್ಪಂದಕ್ಕೆ ಬರುವಂತಿದ್ದರೆ ಲೋಕ ಅದಾಲತ್ ಕೂಡ ಇದೆ. ಅಲ್ಲಿಯ ಆದೇಶಕ್ಕೆ ಡಿಕ್ರಿಯ ಬೆಲೆ ಇದೆ, ಅದರ ಮೇಲೆ ಮೇಲ್ಮನವಿ ಇಲ್ಲ. ಓದಿ ನೋಡದೆ ರುಜು ಹಾಕಬೇಡಿ.

ಡಿಕ್ರಿ ಬಂದ ಮೇಲೆ ಕೆಲಸ ಮುಗಿಯಿತೆಂದು ಮನೆಗೆ ಬಂದು ಕೂತವರೂ ಇದ್ದಾರೆ. ಕೋರ್ಟು ತಾನಾಗಿ ಪಹಣಿ ತಿದ್ದುವುದಿಲ್ಲ. ದೃಢೀಕೃತ ನಕಲು ತೆಗೆದುಕೊಂಡು ಮ್ಯುಟೇಶನ್ನಿಗೆ ಅರ್ಜಿ ಹಾಕಬೇಕು. ಪಾಲಿನ ದಾವೆಯಾದರೆ ಮೊದಲು ಯಾರಿಗೆ ಎಷ್ಟು ಭಾಗ ಎಂಬ ಪ್ರಾಥಮಿಕ ಡಿಕ್ರಿ, ಆಮೇಲೆ ಅಂತಿಮ ಡಿಕ್ರಿ. ಕಂದಾಯ ಕಟ್ಟುವ ಜಮೀನನ್ನು ನೆಲದ ಮೇಲೆ ಭಾಗ ಮಾಡುವ ಕೆಲಸವನ್ನು ಸಿವಿಲ್ ಪ್ರಕ್ರಿಯಾ ಸಂಹಿತೆಯ ಸೆಕ್ಷನ್ 54 ಮತ್ತೆ ಕಂದಾಯ ಅಧಿಕಾರಿಗೇ ಒಪ್ಪಿಸುತ್ತದೆ. ಹಕ್ಕು ಹೇಳುವುದು ಕೋರ್ಟು, ಗೆರೆ ಎಳೆಯುವುದು ಕಂದಾಯದವರು. ನೂರಾರು ವರ್ಷದ ಹಳೇ ಪಾಲು ಇದು.

ಪುಸ್ತಕದಲ್ಲಿ ಇಲ್ಲದ ಹೆಣ್ಣುಮಕ್ಕಳು

ಈ ಇಡೀ ಇತಿಹಾಸದಲ್ಲಿ ಹೆಚ್ಚು ಸಲ ಬಿಟ್ಟುಹೋದ ಹೆಸರು ಹೆಣ್ಣುಮಕ್ಕಳದ್ದು. ಕರ್ನಾಟಕದಲ್ಲಿ 1994ರ ಜುಲೈ 30ರಿಂದಲೇ ಪಿತ್ರಾರ್ಜಿತ ಆಸ್ತಿಯಲ್ಲಿ ಹಿಂದೂ ಹೆಣ್ಣುಮಕ್ಕಳಿಗೆ ಸಮಪಾಲು ಕೊಡುವ ತಿದ್ದುಪಡಿ ಜಾರಿಗೆ ಬಂತು, ಆಗಲೇ ಮದುವೆಯಾದವರನ್ನು ಬಿಟ್ಟು. 2005ರ ಕೇಂದ್ರ ತಿದ್ದುಪಡಿ ಆ ಭೇದವನ್ನೂ ತೆಗೆಯಿತು. ತಿದ್ದುಪಡಿ ಬಂದ ದಿನ ತಂದೆ ಬದುಕಿರಲೇಬೇಕೆಂದಿಲ್ಲ ಎಂದು 2020ರಲ್ಲಿ ವಿನೀತಾ ಶರ್ಮಾ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಸ್ಪಷ್ಟ ಮಾಡಿತು. 2004ರ ಡಿಸೆಂಬರ್ 20ಕ್ಕೆ ಮೊದಲೇ ಕ್ರಮಬದ್ಧವಾಗಿ ಪಾಲಾಗಿದ್ದರೆ ಮಾತ್ರ ಅದನ್ನು ಕೆದಕುವಂತಿಲ್ಲ.

ಕಾನೂನು ಇಷ್ಟು ದೂರ ಬಂದಿದ್ದರೂ ಪೌತಿ ಖಾತೆಯ ಅರ್ಜಿಯಲ್ಲಿ ವಂಶವೃಕ್ಷ ಬರೆಯುವಾಗ ಅಕ್ಕತಂಗಿಯರ ಹೆಸರು ಮಾಯವಾಗುವುದು ನಿಂತಿಲ್ಲ. ಸರ್ವೆಯ ಕಾಲದ ‘ಮನೆಯ ಹಿರಿಯನ ಹೆಸರು ಸಾಕು’ ಎಂಬ ರೂಢಿ ಇನ್ನೂ ಉಸಿರಾಡುತ್ತಿದೆ. ತವರಿನ ಮೇಲೆ ಕೇಸು ಹಾಕುವುದು ಹೆಣ್ಣುಮಗಳಿಗೆ ಸುಲಭದ ಮಾತಲ್ಲ. ಅಪ್ಪ ತೀರಿದ ತಿಂಗಳೊಳಗೆ ‘ಇಲ್ಲೊಂದು ರುಜು ಹಾಕಮ್ಮ’ ಎಂದು ಕಾಗದ ಬಂದರೆ, ಅದು ವಂಶವೃಕ್ಷವೋ ಹಕ್ಕು ಬಿಡುಗಡೆ ಪತ್ರವೋ ಎಂದು ಓದಿಸಿಕೊಳ್ಳುವುದರಲ್ಲಿ ತಪ್ಪೇನೂ ಇಲ್ಲ.

ಗೆದ್ದವನು ಸೋತ?

ಕೋರ್ಟಿಗೆ ಹೋದರೆ ಗೆದ್ದವನು ಸೋತ, ಸೋತವನು ಸತ್ತ ಎಂಬ ಗಾದೆ ಸುಮ್ಮನೆ ಹುಟ್ಟಿಲ್ಲ. ಅದನ್ನು ಅನುಭವಿಸಿದ ಮನೆಗಳು ಪ್ರತಿ ಊರಲ್ಲೂ ಇವೆ. ಕೂತು ಮಾತಾಡಿ ಬಗೆಹರಿಯುವುದಾದರೆ ಅದಕ್ಕಿಂತ ದೊಡ್ಡದಿಲ್ಲ. ಬಗೆಹರಿದದ್ದನ್ನು ನೋಂದಾಯಿಸಿ ಖಾತೆಗೂ ಏರಿಸಿಬಿಡಿ. ಬಾಯಿಮಾತಿನ ಪಾಲು ಮುಂದಿನ ತಲೆಮಾರಿಗೆ ಕೇಸಾಗಿ ಹೋಗುತ್ತದೆ.

ಬಗೆಹರಿಯದಿದ್ದರೆ, ಬಾಗಿಲು ತಡವಾಗಿ ತಟ್ಟುವುದಕ್ಕಿಂತ ಬೇಗ ತಟ್ಟುವುದು ಒಳ್ಳೆಯದು. ಪಹಣಿ ತಾನಾಗಿ ಯಾರನ್ನೂ ಒಡೆಯನನ್ನಾಗಿ ಮಾಡುವುದಿಲ್ಲ, ನಿಜ. ಆದರೆ ತಪ್ಪು ಪಹಣಿಯನ್ನು ಕಂಡೂ ಸುಮ್ಮನಿದ್ದವನ ಕೈಯಿಂದ ಹಕ್ಕು ಜಾರುವುದುಂಟು. ಫೋನ್ ಕೈಯಲ್ಲಿ ಇದೆಯಲ್ಲ, ಇವತ್ತೇ ನಿಮ್ಮ ಸರ್ವೆ ನಂಬರ್ ಹಾಕಿ ಪಹಣಿ ತೆರೆದು ನೋಡಿ. 9ನೇ ಕಾಲಂನಲ್ಲಿ ಯಾರ ಹೆಸರಿದೆ, 10ರಲ್ಲಿ ಯಾವ ಎಂ.ಆರ್. ಇದೆ, 11ರಲ್ಲಿ ಯಾರ ಸಾಲ, ಯಾವ ತಡೆಯಾಜ್ಞೆ ಇದೆ ಎಂದು ಓದಿ. ಮನೆಯ ಹೆಣ್ಣುಮಕ್ಕಳಿಗೂ ಓದಿ ಹೇಳಿ.